ರಾಟಿಯ ಸಪ್ಪಳ

ಯಾರೂ ಗಮನಿಸದವರ ನೆನಪುಗಳನ್ನು ಸಾಕ್ಷ್ಯಚಿತ್ರ ಮಾಡುವುದೇ ನನ್ನ ಕೆಲಸ. ಆ ಸಲ ರಬಕವಿಯಲ್ಲಿ ಕೈಮಗ್ಗದ ಅಜ್ಜ ಒಬ್ಬರು ಸೀರೆ ನೇಯುತ್ತಲೇ ತಮ್ಮ ಕಥೆ ಹೇಳುತ್ತಿದ್ದರು. ಮೂಲೆಯಲ್ಲಿ ಅವರ ಹೆಂಡತಿ ರಾಟಿ ತಿರುಗಿಸುತ್ತ, ಮಗ್ಗದ ಲಾಳಿಯೊಳಗೆ ಇಡುವ ಕಂಡಿಕೆಗೆ ನೂಲು ಸುತ್ತುತ್ತಿದ್ದರು. ಮಗ್ಗದ ಸಪ್ಪಳ ನನಗೆ ಬೇಕಿತ್ತು, ರಾಟಿಯದು ಬೇಡವಾಗಿತ್ತು.

"ಯವ್ವಾ, ಸ್ವಲ್ಪ ಹೊರಗ ಕುಂಡರ್ರಿ. ಮೈಕಿನ್ಯಾಗ ಬರೇ ರಾಟಿ ಸಪ್ಪಳಾನ ಬರಾಕತ್ತೈತಿ" ಅಂದೆ.

ಆಕೆ ಎದ್ದು ಹೋಗಿ ಕಟ್ಟೆ ಮೇಲೆ ಕೂತರು. ಅರ್ಧ ತಾಸಿಗೆ ಮಗ್ಗವೂ ನಿಂತಿತು.

"ಕಂಡಿಕಿ ತೀರ್ಯಾವ್ರಿ. ಆಕಿ ಸುತ್ತಿ ಕೊಟ್ಟರನ ನಾ ನೇಯೋದು" ಎಂದರು ಅಜ್ಜ.

ಕ್ಯಾಮೆರಾ ಬಂದ್ ಮಾಡಿ ಆಕೆಯನ್ನು ಒಳಗೆ ಕರೆದೆ. ಕಂಡಿಕೆ ಬುಟ್ಟಿ ತುಂಬಿದ ಮೇಲೆ ಮತ್ತೆ ಹೊರಗೆ ಕಳಿಸಿದೆ. ದಿನವೆಲ್ಲ ಹೀಗೇ ನಡೆಯಿತು, ನನಗೇನೂ ಅನ್ನಿಸಲಿಲ್ಲ.

ಚಿತ್ರ ಮುಗಿದ ಮೇಲೆ ಅವರ ಮನೆಗೇ ಹೋಗಿ ಲ್ಯಾಪ್‌ಟಾಪಿನಲ್ಲಿ ತೋರಿಸಿದೆ. ಆಕೆ ಕೊನೆಯವರೆಗೂ ಕೂತು ನೋಡಿದರು. ಆಮೇಲೆ ಸಿಟ್ಟೇನೂ ಇಲ್ಲದೆ ಕೇಳಿದರು: "ಛಲೋ ಆಗೇತಿ ತಮ್ಮಾ. ಇದರಾಗ ಕಂಡಿಕಿ ಯಾರು ಸುತ್ತ್ಯಾರ?"

ಅವರೇ ಕೊಟ್ಟ ಚಹಾ ಕೆಳಗಿಟ್ಟು ಲ್ಯಾಪ್‌ಟಾಪ್ ಮುಚ್ಚಿದೆ.

ಆ ಚಿತ್ರಕ್ಕೆ ಪ್ರಶಸ್ತಿಯೂ ಬಂತು. ತೀರ್ಪುಗಾರರು ಧ್ವನಿಮುದ್ರಣವನ್ನು ಬಹಳ ಹೊಗಳಿದರು. ಮಗ್ಗದ ಸಪ್ಪಳಕ್ಕೆ ಬೇರೆ ಯಾವುದೂ ಅಡ್ಡ ಬಂದಿಲ್ಲವಂತೆ.