ಸೊಲಾಂಜ್ ಒಲ್ಲದ ಬ್ಯಾಡ್ಜ್

"ಸೊಲಾಂಜ್ ಎಲ್ಲ ಬೇಡ ಮಾರಾಯ್ತಿ, ಗೆಸ್ಟ್‌ಗಳಿಗೆ ನಾಲಗೆ ತಿರುಗುವುದಿಲ್ಲ. ಸೋನು ಸಾಕು. ಯಲ್ಲಾ, ಬೇಗ ನಡಿ!" ಎಂದು ಅಬುಧಾಬಿಯ ನಮ್ಮ ಹೋಟೆಲಿನ ಸೂಪರ್‌ವೈಸರ್ ಹೊಸ ಹುಡುಗಿಗೆ ಬ್ಯಾಡ್ಜ್ ಕೊಟ್ಟ. ಉಡುಪಿ ಕಡೆಯ ಆ ಕೊಂಕಣಿ ಕ್ರೈಸ್ತ ಹುಡುಗಿ ಅದನ್ನು ಮೇಜಿನ ಮೇಲೆಯೇ ಇಟ್ಟಳು.

"ನನ್ನ ಅಜ್ಜಿಯ ಹೆಸರು ಸರ್. ಅಜ್ಜಿಗೆ ಇಟ್ಟದ್ದು ಒಬ್ಬ ಸಂತಳ ಹೆಸರು, ಹಿಂದೆ ಫ್ರಾನ್ಸಿನಲ್ಲಿ ಕುರಿ ಮೇಯಿಸ್ತಿದ್ದ ಹುಡುಗಿಯದ್ದು. ದೊರೆಯ ಮಗ ಹೊತ್ತುಕೊಂಡು ಹೋಗ್ಲಿಕ್ಕೆ ಬಂದಾಗ ತಲೆ ಕೊಟ್ಟಳು, ಬಗ್ಗಲಿಲ್ಲ. ಹೆಸರಿಗೆ ಭಕ್ತಿವಂತೆ ಅಂತ ಅರ್ಥ. ಸೋನುವಿಗೆ ಎಂತ ಅರ್ಥ ಉಂಟು?"

"ಅರ್ಥ ಹಿಡ್ಕೊಂಡು ಬಾತ್‌ರೂಮ್ ತೊಳೀತೀಯಾ?" ಎಂದು ಅವನು ನಕ್ಕ. ಪಕ್ಕದಲ್ಲಿ ಟವೆಲ್ ಮಡಚುತ್ತಿದ್ದ ನಾನು ಕೆಲಸ ಬಿಟ್ಟು ಮೇಜಿನ ಬಳಿ ಬಂದೆ.

ಇಪ್ಪತ್ತೆರಡನೇ ವಯಸ್ಸಿನಲ್ಲಿ ಅಕ್ಷರ ಕಲಿತ ನಾನು ಮೊದಲು ಬರೆದದ್ದು ವೀರಭದ್ರಪ್ಪ ಎಂಬ ನನ್ನ ಹೆಸರನ್ನೇ. ಆರು ವರ್ಷದಿಂದ ಎದೆಯ ಬ್ಯಾಡ್ಜಿನ ಮೇಲೆ 'ವಿಕ್ಕಿ' ಎಂದಿತ್ತು, ನಾನು ಒಮ್ಮೆಯೂ ಜಗಳವಾಡಿರಲಿಲ್ಲ. ಆವತ್ತು ಅದನ್ನು ಬಿಚ್ಚಿ ಮೇಜಿನ ಮೇಲಿದ್ದ 'ಸೋನು' ಬ್ಯಾಡ್ಜಿನ ಪಕ್ಕದಲ್ಲಿಟ್ಟೆ.