ನೆನೆಯದ ಟವಲು

ಕಾಮಗೆರೆಯಲ್ಲಿರುವ ನನ್ನ ಅಕ್ಕನ ಮನೆಯ ಗೂಟದಲ್ಲಿ ಕೆಂಪಂಚಿನ ಟವಲೊಂದು ತೂಗುತ್ತಿರುತ್ತದೆ. ಮುಖ ಒರೆಸಿಕೊಳ್ಳಲು ಯಾರಾದರೂ ಅದಕ್ಕೆ ಕೈಹಾಕಿದರೋ, ಕೆಟ್ಟರು. "ಮುಟ್ಬ್ಯಾಡಿ, ಅದು ಚುಕ್ಕೀದು!" ಎಂದು ಅಕ್ಕ ಒಲೆಯ ಮುಂದಿನಿಂದಲೇ ಗದರುತ್ತಾಳೆ. ಚುಕ್ಕಿಯೆಂದರೆ ನಮ್ಮ ಭರಚುಕ್ಕಿ, ಕಾವೇರಿ ಬಂಡೆಯುದ್ದಕ್ಕೂ ಹರಡಿಕೊಂಡು ಧುಮುಕುವ ಜಾಗ. ಆ ನೀರಿಗೆ ಒಂದೇ ಒಂದು ಸಲ ತಲೆಕೊಟ್ಟು, ಮೇಲೆ ಬಂದು ಒರೆಸಿಕೊಳ್ಳಬೇಕೆಂದು ಅವಳು ಎತ್ತಿಟ್ಟುಕೊಂಡಿರುವ ಟವಲು ಅದು.

ನಮ್ಮ ಕನ್ನಡವೂ ಎಂಥ ಕಿಲಾಡಿ ನೋಡಿ, ನೀರಿನಲ್ಲಿ ತೋಯುವುದಕ್ಕೂ ಮನಸ್ಸಿನಲ್ಲಿ ಸ್ಮರಿಸುವುದಕ್ಕೂ 'ನೆನೆ' ಎಂಬ ಒಂದೇ ಮಾತನ್ನು ಹಂಚಿಬಿಟ್ಟಿದೆ. ಚಿಕ್ಕಂದಿನಲ್ಲಿ ಅಪ್ಪ ನಮ್ಮಿಬ್ಬರನ್ನೂ ಅಲ್ಲಿಗೆ ಕರೆದೊಯ್ದಾಗ ಬೇಸಿಗೆಯ ತೆಳುನೀರಿನ ಕೆಳಗೆ ನಾನು ಕುಣಿಕುಣಿದು ನೆನೆದೆ. ದೊಡ್ಡವಳಾಗಿ ಹುಟ್ಟಿದ್ದಕ್ಕೆ ಅಕ್ಕ, ಕೋತಿಗಳ ಕಾಟಕ್ಕೆ ಹೆದರಿ, ಬುತ್ತಿಯನ್ನೂ ಬಟ್ಟೆಯನ್ನೂ ಕಾಯುತ್ತ ಬಂಡೆಯ ಮೇಲೆ ಕೂತಳು. ನಾನು ನೆನೆದದ್ದು ಸಂಜೆಯೊಳಗೆ ಒಣಗಿತು, ಅವಳು ಮಾತ್ರ ಇಂದಿಗೂ ನೆನೆಯುತ್ತಲೇ ಇದ್ದಾಳೆ. ಮದುವೆ, ಮಕ್ಕಳು, ಹೊತ್ತುಹೊತ್ತಿಗೆ ಸೊಪ್ಪು ಕೇಳುವ ರೇಷ್ಮೆಹುಳು, ಇವೆಲ್ಲದರಿಂದ ಬಿಡುವಾಗುವಷ್ಟರಲ್ಲಿ ಮಂಡಿಗಳು ಮುಷ್ಕರ ಹೂಡಿದವು.

ಕಳೆದ ಮಳೆಗಾಲದಲ್ಲಿ ನಾನು ಚುಕ್ಕಿಗೆ ಹೊರಟಿದ್ದೇನೆಂದು ತಿಳಿದದ್ದೇ ತಡ, ಆ ಟವಲನ್ನು ಗೂಟದಿಂದ ಇಳಿಸಿ ನನ್ನ ಕೈಗಿಟ್ಟಳು. "ಅಮ್ಮಿ, ನನ್ನೆಸ್ರಲ್ಲಿ ನೀನೇ ತಲೆಕೊಟ್ಬುಡು. ಈ ಮಂಡಿ ನೆಚ್ಕಂಡು ನಾನೆಲ್ಲಿ ಓಗ್ಲಿ?" ಯಾತ್ರೆಗೆ ಹೋದವರು, ಬರಲಾರದವರ ಹೆಸರು ಹೇಳಿ ಒಂದು ಮುಳುಗು ಹೆಚ್ಚಿಗೆ ಹಾಕುವ ಪದ್ಧತಿ ನಮ್ಮಲ್ಲಿ ಉಂಟಲ್ಲ, ಹಾಗೆ. ಅವಳ ಕಣ್ಣು ನೋಡಿ ಇಲ್ಲವೆನ್ನಲು ನಾಲಗೆ ಬರಲಿಲ್ಲ.

ಅಲ್ಲಿ ಹೋದರೆ ನೀರಿಗಿಳಿಯುವ ಮೆಟ್ಟಿಲ ಗೇಟಿಗೆ ಬೀಗ. ಕೆಂಪು ನೀರು ಬಂಡೆಯನ್ನೇ ನುಂಗಿಕೊಂಡು ಬೀಳುತ್ತಿತ್ತು. ಕಂಬಿಬೇಲಿಯ ಪಕ್ಕದಲ್ಲೊಂದು ಕಳ್ಳದಾರಿ ಪಾಚಿಬಂಡೆಗಳ ನಡುವೆ ಇಳಿಯುತ್ತಿತ್ತು. ದೇವರಾಣೆ, ನನ್ನ ಕಾಲು ಅತ್ತ ಒಂದು ಹೆಜ್ಜೆ ಇಟ್ಟೂಬಿಟ್ಟಿತು.

"ಅಮ್ಮಾ, ಎಲ್ಲಿಗೆ? ಮೇಲಿಂದ ನೀರ್ ಬುಟ್ಟವ್ರೆ!" ಕಾವಲಿನವನು ಓಡಿ ಬಂದ.

"ನಮ್ಮಕ್ಕನ ಎಸ್ರಲ್ಲಿ ತಲೆಕೊಡ್ಬೇಕಿತ್ತು ಕಣಪ್ಪ."

"ಈಗ ಕೊಟ್ರೆ ವಾಪಸ್ ಕೊಡಲ್ಲ ಕಣಮ್ಮ ಇದು," ಎಂದ. ಅವನು ನಗಲಿಲ್ಲ, ನಾನೂ ನಗಲಿಲ್ಲ.

ಕಂಬಿಯ ಈಚೆ ನಿಂತು, ಕೆಂಡಕ್ಕೆ ಹಪ್ಪಳ ಹಿಡಿದ ಹಾಗೆ ಎರಡೂ ಕೈಯಲ್ಲಿ ಟವಲನ್ನು ಅಗಲಿಸಿ ಹಿಡಿದೆ. ಕೆಳಗಿನಿಂದೆದ್ದ ತುಂತುರು, ಗಾಳಿ ತಿರುಗಿದಾಗಲೆಲ್ಲ ಮೇಲೆ ಬಂದು, ಬಂದಷ್ಟನ್ನು ಅದಕ್ಕೆ ಕೊಟ್ಟು ಹೋಗುತ್ತಿತ್ತು. ತೋಳು ಸೋತವು. ಒದ್ದೆಯಾದದ್ದು ಬಸ್ಸಿನಲ್ಲಿ ಆರಿಹೋದೀತೆಂದು ಪ್ಲಾಸ್ಟಿಕ್ ಕವರಿನಲ್ಲಿ ಸುತ್ತಿ, ಮಡಿಲಲ್ಲಿಟ್ಟುಕೊಂಡು ಕಾಮಗೆರೆಗೆ ಬಂದೆ.

ನಡೆದದ್ದನ್ನು ಹೇಳಿದೆ. ಅಕ್ಕ ಟವಲು ಮೂಸಿ, ತಲೆಗೆ ಸುತ್ತಿಕೊಂಡು, ಕಣ್ಣು ಮುಚ್ಚಿ ಜಗಲಿಯ ಮೇಲೆ ಕೂತಳು. ಅದು ಆರುವ ತನಕ ಏಳಲಿಲ್ಲ. ಪಾಪ, ಆಸೆ ತೀರಿತೇನೋ ಎಂದುಕೊಂಡು, "ಪುಣ್ಯ ಬಂತಾ ಅಕ್ಕ?" ಎಂದೆ.

"ಪುಣ್ಯ ಯಾರಿಗ್ ಬೇಕಿತ್ತು?" ಅಕ್ಕ ಸಿಡಿದಳು. "ನಂಗೆ ನೀರ್ ಬೇಕು. ಬ್ಯಾಸ್ಗೇಲಿ ನೀರ್ ಇಳೀಲಿ, ಬೀಗ ತಗೀಲಿ, ಒಂದೊಂದೇ ಮೆಟ್ಲು ಕೂತ್ಕಂಡು ಕೂತ್ಕಂಡು ಇಳೀತೀನಿ. ಈ ಸತಿ ಬಟ್ಟೆ ಕಾಯೋದು ನೀನು!"

ಟವಲು ಮತ್ತೆ ಗೂಟ ಸೇರಿದೆ. ಬೇಸಿಗೆ ಯಾವಾಗ ಬಂದೀತೋ ಎಂದು ನಾನೂ ಈಗ ಆಕಾಶ ನೋಡುತ್ತೇನೆ. ಕೋತಿ ಓಡಿಸಲು ಒಳ್ಳೆಯದೊಂದು ಕೋಲನ್ನು ಬಾಗಿಲ ಹಿಂದೆ ಇಟ್ಟುಕೊಂಡಿದ್ದೇನೆ.