ಸುಂದರಬಾಯಿ ಸುತ್ತಿದ ಸಿಂಬಿ

ಸುಂದರಬಾಯಿ ಧಾರವಾಡದವಳೆಂದೇ ಎಲ್ಲರೂ ನಂಬಿದ್ದರು. ನಿಜಾಮನ ಆಳ್ವಿಕೆ ಮುಗಿಸಿದ ಪೊಲೀಸ್ ಆ್ಯಕ್ಷನ್ ಆಗಿ ನಾಲ್ಕು ವರ್ಷವಾಗಿತ್ತು. ವಾಡಿ ಸ್ಟೇಶನ್ನಿನ ಆಚೆ ತಗಡಿನ ಥಿಯೇಟರು ಹಾಕಿದ್ದ ನಾಟಕ ಕಂಪನಿಗೆ ಅವಳೇ ನಾಯಕಿ. ನಾಟಕದ ಮಾತನ್ನು ಊಟಕ್ಕೆ ಕೂತಾಗಲೂ ಬಿಡುತ್ತಿರಲಿಲ್ಲ. "ಇನ್ನಷ್ಟು ಸಾರು ದಯಪಾಲಿಸಿರಿ" ಎನ್ನುತ್ತಿದ್ದಳು, ಅಂಥ ಠೀವಿ!

ಆ ವರ್ಷ ಮಾಲೀಕ ತಮ್ಮಣ್ಣ ಮಾಸ್ತರರು ಪರದೇಶದ ಕಥೆಯೊಂದನ್ನು ಈ ಸೀಮೆಗೆ ಒಗ್ಗಿಸಿ ಸಂಗೀತ ನಾಟಕ ಬರೆದರು. ನೆಲಕ್ಕೆ ಹಾಸುವ ಫರಸಿ ಕಲ್ಲು ಹೊರುವವಳೊಬ್ಬಳು ಮಾತು ತಿದ್ದಿಕೊಂಡು ಜಮೀನ್ದಾರ ದೇಶಮುಖರ ವಾಡೆಯಲ್ಲಿ ಸರಿಸಮ ಕೂರುವ ಕಥೆ. ಪಾತ್ರ ಸುಂದರಬಾಯಿಗೇ ಬಂತು. ಆದರೆ ಮೊದಲ ಅಂಕದ ಕೂಲಿಯವರ ಮಾತು ಅವಳ ಬಾಯಲ್ಲಿ ಒಣಗುತ್ತಿತ್ತು. ಒಣಗದೆ ಇನ್ನೇನು? ಅದು ಸರಾಗ ಬಂದರೆ ಗುಟ್ಟು ರಟ್ಟು! ಅವಳು ಇದೇ ಸೀಮೆಯ ಆಡಕಿ ಹಳ್ಳಿಯ ಸುಂದ್ರವ್ವ. ಹದಿನಾಲ್ಕರ ತನಕ ಅವ್ವನ ಹಿಂದೆ ಶಹಾಬಾದಿನ ಖಣಿಯಲ್ಲಿ ಕಲ್ಲು ಹೊತ್ತವಳು.

ಆ ಮಾತು ಕಲಿಸಲೆಂದು ಮಾಸ್ತರರು ರಾವೂರಿನ ಖಣಿಯಿಂದ ಗುಂಡಮ್ಮನನ್ನು ಕರೆಸಿದರು. ಹತ್ತೇ ದಿನಕ್ಕೆ ಅವಳು ವಾಡೆಯ ಮಾತನ್ನೂ ಕಲಿತು, ಹಾಡನ್ನೂ ಎತ್ತಿಕೊಂಡಳು. ಸುಂದರಬಾಯಿಯ ಹೊಟ್ಟೆಗೆ ಬೆಂಕಿ ಬಿತ್ತು. ತಾನು ಇಪ್ಪತ್ತು ವರ್ಷ ನಾಲಿಗೆ ಸವೆಸಿ ಕಲಿತದ್ದನ್ನು ಈ ಹಾಳಾದವಳು ಹತ್ತು ದಿನದಲ್ಲಿ ನುಂಗಿದಳಲ್ಲ! ತಾಲೀಮು ಮುಗಿದರೆ ಗುಂಡಮ್ಮ ನಗುತ್ತ ತನ್ನ ಮಾತಿಗೇ ಮರಳುತ್ತಿದ್ದಳು, ಯಾರ ಹೆದರಿಕೆಯೂ ಇಲ್ಲದೆ. ಅದು ಇನ್ನೂ ಉರಿಸುತ್ತಿತ್ತು.

ಒಂದು ಮುಂಜಾನೆ ಮಾಸ್ತರರು ಅಂದರು: "ಬಾಯಾರ, ಪಾತ್ರ ಗುಂಡಮ್ಮಗ ಕೊಡ್ತೀನ್ರಿ. ನೀವು ದೇಶಮುಖರ ಅವ್ವ ಆಗ್ರಿ."

ಅವ್ವನಂತೆ! ಮೂವತ್ತನಾಲ್ಕರ ಹೆಣ್ಣಿಗೆ!

ಗುಂಡಮ್ಮ ಅಲ್ಲೇ ಕಲ್ಲು ಹೊರುವ ಹಾಡಿಗೆಂದು ತಲೆಗಿಡಲು ಹಳೆ ಸೀರೆಯ ತುಂಡಿನಿಂದ ಸಿಂಬಿ ಸುತ್ತುತ್ತಿದ್ದಳು. ಅದರಲ್ಲಿ ತಪ್ಪೇನೂ ಇರಲಿಲ್ಲ. ಹೊಟ್ಟೆಕಿಚ್ಚಿಗೊಂದು ನೆವ ಬೇಕಿತ್ತು. ಸುಂದರಬಾಯಿ ಅದನ್ನು ಕಸಿದುಕೊಂಡಳು.

"ಹಿಂಗ ಸುತ್ತತಾರೇನ? ಎರಡ ಹೆಜ್ಜಿಗೇ ಬಿಚ್ಚತದ!"

ಕೈ ತಾನಾಗಿ ತಿರುಗಿತು. ಸಿಂಬಿ ಗಟ್ಟಿಯಾಗಿ ತಲೆಯ ಮೇಲೆ ಕೂತಿತು.

"ಕಲ್ಲ ಹೊರಸ್ರಿ. ಏನ್ ನೋಡ್ಲಾಕತ್ತೀರಿ?"

ತಾಲೀಮಿಗೆಂದು ತಂದಿಟ್ಟಿದ್ದ ಫರಸಿ ಕಲ್ಲನ್ನು ಇಬ್ಬರು ಸೇರಿ ಹೊರಿಸಿದರು. ಅವಳು ಕುತ್ತಿಗೆ ನೆಟ್ಟಗೆ ಹಿಡಿದು ನಡೆದಳು, ಹಾಡಿದಳು, ಮೊದಲ ಅಂಕದ ಮಾತೆಲ್ಲ ಆಡಿದಳು. ಒಂದೊಂದು ಮಾತೂ ಆಡಕಿಯದು.

"ಪಾತ್ರ ನಿಮ್ದೇ ಬಾಯಾರ," ಎಂದರು ಮಾಸ್ತರರು. "ಆದ್ರ ಧಾರವಾಡ್ದಾಗ ಇದನ್ನ ನಿಮಗ ಯಾರು ಕಲಿಸಿದ್ರು?"

ಗುಂಡಮ್ಮ ಹತ್ತಿರ ಬಂದಳು. ಪಾತ್ರ ಹೋದ ಬೇಸರ ಮುಖದಲ್ಲಿ ಕಾಣುತ್ತಿತ್ತು, ಆದರೂ ನಕ್ಕಳು. "ಅಕ್ಕಾ, ನೀ ನಮ್ಮಾಕೀನೇ ಏನ?"

ಅಲ್ಲ ಎನ್ನಲು ಸುಂದರಬಾಯಿ ಬಾಯಿ ತೆರೆದಳು. ಆದರೆ ತಲೆಯ ಮೇಲಿನ ಕಲ್ಲು ಒಬ್ಬಳೇ ಇಳಿಸುವಂಥದ್ದಲ್ಲ.

"ಹೌದವ್ವ ತಂಗಿ. ಮೊದಲ ಇದಕ್ಕ ಕೈ ಹಚ್ಚು, ಕುತ್ತಿಗಿ ಮುರೀಲಾಕತ್ತದ."